ಹೇನು, ಸೀರಣಿಗೆ ಮತ್ತು ಶಾಲೆಯ ಬಾಗಿಲು



ಇಂದಿನ ಮಾತಿನ ವಿಷಯ ಕೇಳಿದರೆ ನಿಮ್ಮಲ್ಲಿ ಕೆಲವರಿಗೆ ನಗು ಬಂದೀತು, ಇನ್ನು ಕೆಲವರ ಕೈ ತಾನಾಗಿ ತಲೆಗೆ ಹೋದೀತು. ವಿಷಯ ಹೇನು. ಶಾಲೆಗೆ ಹೋಗುವ ಮಕ್ಕಳ ತಲೆಯಲ್ಲಿ ಆಗುವ ಹೇನು. ಇಷ್ಟು ಸಣ್ಣ ಜೀವಿಗೂ ಒಂದು ಚರಿತ್ರೆಯೇ ಎಂದು ನೀವು ಕೇಳಬಹುದು. ಇದೆ. ಹೇನಿಗೂ ಇದೆ, ಹೇನು ತೆಗೆಯುವ ಬಾಚಣಿಗೆಗೂ ಇದೆ. ತಲೆಯಲ್ಲಿ ಹೇನಾದ ಮಗುವನ್ನು ಶಾಲೆ ಹೇಗೆ ನಡೆಸಿಕೊಂಡಿತು ಎಂಬುದಕ್ಕೂ ಒಂದು ಚರಿತ್ರೆ ಇದೆ. ನಮಗೆ ಹೆಚ್ಚು ಬೇಕಾದದ್ದು ಈ ಕೊನೆಯದು. ಏಕೆಂದರೆ ಹೇನಿನ ನೆಪದಲ್ಲಿ ಶಾಲೆಯ ಬಾಗಿಲು ಎಷ್ಟೋ ಮಕ್ಕಳಿಗೆ ಮುಚ್ಚಿದೆ.

ಮೊದಲು ಮಾತಿನಿಂದಲೇ ತೊಡಗೋಣ. ಗಡಿಯಲ್ಲಿ ಬಾಳುವ ನಮಗೆ ಎರಡು ಭಾಷೆ ಬರುತ್ತದೆ, ಕೆಲವರಿಗೆ ಮೂರೂ ಬರುತ್ತದೆ. ಮನೆಯಲ್ಲಿ ನಾವು 'ಹೇನು' ಎನ್ನುತ್ತೇವೆ. ಹೊಸೂರು, ತಾಳವಾಡಿಯ ಸಂತೆಯಲ್ಲಿ ತಮಿಳಿನವರು 'ಪೇನ್' ಎನ್ನುತ್ತಾರೆ. ಕಾಸರಗೋಡಿನ ಪೇಟೆಯಲ್ಲಿ ಮಲಯಾಳದವರ ಬಾಯಲ್ಲೂ ಅದು 'ಪೇನ್', ತುಳುವರ ಬಾಯಲ್ಲೂ 'ಪೇನ್'. ಮಡಕಶಿರಾ, ರಾಯದುರ್ಗ, ಆದೋನಿಯ ಕಡೆ ತೆಲುಗಿನಲ್ಲಿ ಒಂದಾದರೆ 'ಪೇನು', ಹಲವಾದರೆ 'ಪೇಲು'. ಹಳಗನ್ನಡದಲ್ಲಿ ನಮ್ಮದೂ 'ಪೇನ್' ಆಗಿತ್ತು. ಪಾಲು ಹಾಲಾದಂತೆ, ಪುಲಿ ಹುಲಿಯಾದಂತೆ, ಪೂವು ಹೂವಾದಂತೆ ಪೇನು ಹೇನಾಯಿತು. ಅದರ ಮೊಟ್ಟೆಗೆ ನಾವು 'ಸೀರು' ಎಂದರೆ ತಮಿಳು, ಮಲಯಾಳಗಳಲ್ಲಿ 'ಈರ್'. ಇನ್ನು ಸೊಲ್ಲಾಪುರ, ಅಕ್ಕಲಕೋಟೆ, ಜತ್ತದ ಕಡೆ ಮರಾಠಿಯಲ್ಲಿ ಹೇನಿಗೆ 'ಊ', ಸೀರಿಗೆ 'ಲೀಖ'. ಇವು ಸಂಸ್ಕೃತದ 'ಯೂಕಾ', 'ಲಿಕ್ಷಾ' ಎಂಬ ಮಾತುಗಳಿಂದ ಬಂದವು. ನಮ್ಮ ದ್ರಾವಿಡ ಭಾಷೆಗಳು ಕವಲಾಗುವ ಮೊದಲೇ ಈ ಹೆಸರು ಹುಟ್ಟಿತ್ತು ಎಂದಾಯಿತು. ಗಡಿಕಲ್ಲು ನೆಟ್ಟವರು ಮನುಷ್ಯರು. ಹೇನಿಗೆ ಆ ಕಲ್ಲು ಕಾಣಿಸುವುದಿಲ್ಲ.

ನಮ್ಮ ಹಿರಿಯರು ಇನ್ನೊಂದು ಸೂಕ್ಷ್ಮವನ್ನೂ ಬಲ್ಲವರಾಗಿದ್ದರು. ತಲೆಗೂದಲಲ್ಲಿ ಇರುವುದು ಹೇನು, ಬಟ್ಟೆಯ ಹೊಲಿಗೆಯಲ್ಲಿ ಅಡಗಿ ಮೈಯನ್ನು ಕಚ್ಚುವುದು ಕೂರೆ. ಎರಡಕ್ಕೆ ಎರಡು ಹೆಸರು. ಈ ಭೇದ ಬಹಳ ಮುಖ್ಯವಾದದ್ದು. 1909ರಲ್ಲಿ ಶಾರ್ಲ್ ನಿಕೋಲ್ ಎಂಬ ಫ್ರೆಂಚ್ ವೈದ್ಯರು ಉತ್ತರ ಆಫ್ರಿಕದ ಟ್ಯೂನಿಸ್ ಪಟ್ಟಣದಲ್ಲಿ ಟೈಫಸ್ ಎಂಬ ಮಾರಕ ಜ್ವರವನ್ನು ಕೂರೆ ಹರಡುತ್ತದೆ ಎಂದು ತೋರಿಸಿಕೊಟ್ಟರು. ರೋಗಿಯ ಹಳೆಯ ಬಟ್ಟೆ ತೆಗೆದು, ಮೈ ತೊಳೆಸಿ ಆಸ್ಪತ್ರೆಯ ಒಳಗೆ ಬಿಟ್ಟರೆ ರೋಗ ಮುಂದೆ ಹರಡುತ್ತಿರಲಿಲ್ಲ. ಅದನ್ನು ಗಮನಿಸಿದ್ದೇ ಅವರಿಗೆ ದಾರಿ ತೋರಿಸಿತು. 1928ರಲ್ಲಿ ಅವರಿಗೆ ನೊಬೆಲ್ ಪಾರಿತೋಷಕವೂ ಬಂತು. ಆದರೆ ಅಪರಾಧಿ ಕೂರೆಯೇ ಹೊರತು ತಲೆಯ ಹೇನಲ್ಲ. ತಲೆಯ ಹೇನು ತುರಿಕೆ ತರುತ್ತದೆ. ಕೆರೆದು ಕೆರೆದು ಗಾಯವಾದರೆ ಅದು ಕೀವಾಗಬಹುದು, ಮಗುವಿನ ನಿದ್ದೆ ಕೆಡಬಹುದು. ಅದಕ್ಕಿಂತ ದೊಡ್ಡ ರೋಗವನ್ನು ಅದು ಸಾಮಾನ್ಯವಾಗಿ ಹೊತ್ತು ತರುವುದಿಲ್ಲ. ಕೂರೆಯ ಕೆಟ್ಟ ಹೆಸರನ್ನು ಹೇನು ಹೊತ್ತುಕೊಂಡಿತು, ಹೇನಿನ ಕೆಟ್ಟ ಹೆಸರನ್ನು ನಮ್ಮ ಮಕ್ಕಳು ಹೊತ್ತುಕೊಂಡರು.

ಹೇನು ಎಷ್ಟು ಹಳೆಯದು ಎಂಬುದಕ್ಕೆ ಎರಡು ಸಾಕ್ಷಿ ಹೇಳುತ್ತೇನೆ. ಮೊದಲನೆಯದು ನಮ್ಮದೇ. ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ಉದ್ದವನ್ನು ಅಳೆಯುವ ಲೆಕ್ಕವೊಂದಿದೆ. ಅದರಂತೆ ಎಂಟು ಸೀರು ಸೇರಿದರೆ ಒಂದು ಹೇನು, ಎಂಟು ಹೇನು ಸೇರಿದರೆ ಒಂದು ಜವೆಗೋಧಿಯ ನಡು, ಅಂಥ ಎಂಟು ಸೇರಿದರೆ ಒಂದು ಅಂಗುಲ. ನಿಜವಾದ ಹೇನಿಗೆ ಈ ಲೆಕ್ಕ ಸರಿಹೊಂದುವುದಿಲ್ಲ ಎನ್ನಿ. ಆದರೂ ಎಲ್ಲರಿಗೂ ಗೊತ್ತಿರುವ ಸಣ್ಣ ವಸ್ತು ಯಾವುದು ಎಂದು ಹುಡುಕಿದಾಗ ಶಾಸ್ತ್ರಕಾರನಿಗೆ ಹೊಳೆದದ್ದು ಹೇನು, ಸೀರುಗಳೇ. ಅರಮನೆಯಿಂದ ಗುಡಿಸಲಿನವರೆಗೆ ಅದನ್ನು ಅರಿಯದ ಮನೆ ಇರಲಿಲ್ಲ ಎಂದು ಇದರಿಂದ ತಿಳಿಯುತ್ತದೆ.

ಎರಡನೆಯ ಸಾಕ್ಷಿ ದೂರದ್ದು. ಇಸ್ರೇಲ್ ದೇಶದಲ್ಲಿ ಲಾಕೀಶ್ ಎಂಬ ಹಳೆಯ ಪಟ್ಟಣದ ಅವಶೇಷವಿದೆ. 2016ರಲ್ಲಿ ಅಲ್ಲಿನ ಉತ್ಖನನದಲ್ಲಿ ಆನೆಯ ದಂತದ ಒಂದು ಪುಟ್ಟ ಬಾಚಣಿಗೆ ಸಿಕ್ಕಿತು. ಉದ್ದ ಮೂರೂವರೆ ಸೆಂಟಿಮೀಟರು, ಅಂದರೆ ಹೆಬ್ಬೆರಳಿನ ಎರಡು ಗೆಣ್ಣಿನಷ್ಟೂ ಇಲ್ಲ. ಒಂದು ಬದಿಗೆ ಸಿಕ್ಕು ಬಿಡಿಸುವ ಆರು ದಪ್ಪ ಹಲ್ಲು, ಇನ್ನೊಂದು ಬದಿಗೆ ಹೇನು, ಸೀರು ತೆಗೆಯುವ ಹದಿನಾಲ್ಕು ಸಣ್ಣ ಹಲ್ಲು. ಅದರ ಮೇಲೆ ಕಣ್ಣಿಗೆ ಕಾಣದಷ್ಟು ಸವೆದ ಅಕ್ಷರಗಳು. 2022ರಲ್ಲಿ ವಿದ್ವಾಂಸರು ಅದನ್ನು ಓದಿ ಪ್ರಕಟಿಸಿದರು. ಕೂದಲಿನ, ಗಡ್ಡದ ಹೇನನ್ನು ಈ ದಂತವು ಕಿತ್ತುಹಾಕಲಿ ಎಂಬ ಅರ್ಥದ ಒಂದು ಹಾರೈಕೆ ಅದು. ಕಾಲ ಕ್ರಿಸ್ತಪೂರ್ವ 1700ರ ಸುಮಾರು. ಅಂದಿನ ಕಾನಾನ್ ಜನರ ಅಕ್ಷರಮಾಲೆಯಲ್ಲಿ ಬರೆದ ಪೂರ್ಣ ವಾಕ್ಯಗಳಲ್ಲಿ ನಮಗೆ ದೊರೆತ ಅತಿ ಹಳೆಯದು ಇದೇ. ಬಾಚಣಿಗೆಯ ಒಂದು ಹಲ್ಲಿನ ಸಂದಿಯಲ್ಲಿ ಹೇನಿನ ಅವಶೇಷವೂ ಉಳಿದಿತ್ತಂತೆ. ಆನೆಯ ದಂತ ಬಡವರ ಮನೆಯ ವಸ್ತುವಲ್ಲ. ಅಂದರೆ ಸಿರಿವಂತರ ತಲೆಯಲ್ಲೂ ಹೇನು ಇತ್ತು. ಈ ಮಾತನ್ನು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ನಮ್ಮ ಕಡೆಯ ಸೀರಣಿಗೆಯನ್ನು ಒಮ್ಮೆ ಕಣ್ಣ ಮುಂದೆ ತಂದುಕೊಳ್ಳಿ. ಮರದ್ದೋ ಕೊಂಬಿನದೋ, ಎರಡು ಕಡೆಯೂ ಒತ್ತಾದ ಹಲ್ಲು. ಮರಾಠಿಯವರು ಅದಕ್ಕೆ 'ಫಣಿ' ಎನ್ನುತ್ತಾರೆ. ಹಾಗೆ ನೋಡಿದರೆ ಲಾಕೀಶಿನ ಬಾಚಣಿಗೆಗೂ ಜಾತ್ರೆಯಲ್ಲಿ ನಾವು ಕೊಳ್ಳುವ ಸೀರಣಿಗೆಗೂ ಹೆಚ್ಚಿನ ವ್ಯತ್ಯಾಸವಿಲ್ಲ. ಮಧ್ಯಾಹ್ನ ಊಟ ಮುಗಿದ ಮೇಲೆ ಜಗಲಿಯ ಮೇಲೆ ಅಜ್ಜಿ, ಅವಳ ಮುಂದೆ ಮಗಳು, ಮಗಳ ಮುಂದೆ ಮೊಮ್ಮಗಳು. ಒಬ್ಬರ ತಲೆ ಒಬ್ಬರು ನೋಡುತ್ತ ಕುಳಿತರೆ ಊರಿನ ಸುದ್ದಿಯೆಲ್ಲ ಬಂದುಹೋಗುತ್ತಿತ್ತು. ಎಣ್ಣೆ ಹಚ್ಚಿ, ಕೂದಲು ಸೀಳಿ, ಬಿಳಿಯ ಬಟ್ಟೆ ಹಾಸಿ ಬಾಚುವುದು ಆ ಕೆಲಸದ ಕ್ರಮ. ಅಲ್ಲಿ ಯಾರೂ ಯಾರನ್ನೂ ಹೀಗಳೆಯುತ್ತಿರಲಿಲ್ಲ. ಹೇನು ಮನೆಯ ಕೆಲಸಗಳಲ್ಲಿ ಒಂದಾಗಿತ್ತು, ಅಷ್ಟೆ. ಅಕ್ಕಿಯಲ್ಲಿ ಕಲ್ಲು ಆರಿಸಿದ ಹಾಗೆ.

ಹಾಗಾದರೆ ಹೇನು ನಾಚಿಕೆಯ ವಿಷಯವಾದದ್ದು ಯಾವಾಗ? ಮಕ್ಕಳನ್ನು ಗುಂಪಾಗಿ ಕೂರಿಸಿ ಕಲಿಸುವ ಸರಕಾರಿ ಶಾಲೆಗಳು ಎಲ್ಲ ಮಕ್ಕಳನ್ನೂ ಒಳಕ್ಕೆ ಕರೆದ ಮೇಲೆ ಅದು ಬಹಳ ಬಲವಾಯಿತು. ಒಂದೇ ಬೆಂಚಿನ ಮೇಲೆ ತಲೆಗೆ ತಲೆ ತಾಗಿಸಿ ಒಂದೇ ಪುಸ್ತಕ ನೋಡುವ ಮಕ್ಕಳಲ್ಲಿ ಹೇನು ಓಡಾಡದೆ ಇದ್ದೀತೆ? ಶಾಲೆ ಹೇನಿಗೆ ಹೆದರಿತು. ಹೆದರಿದ ಶಾಲೆ ಮೊದಲು ಮಾಡಿದ ಕೆಲಸ ಮಗುವನ್ನು ಹೊರಕ್ಕೆ ಕಳಿಸುವುದು.

ಇದರ ಒಂದು ಸ್ಪಷ್ಟವಾದ ದಾಖಲೆ ಅಮೆರಿಕದ ನ್ಯೂಯಾರ್ಕ್ ನಗರದ್ದು. ನೂರು ವರ್ಷಕ್ಕೂ ಹಿಂದೆ ಆ ನಗರದ ಪೂರ್ವದ ಕೇರಿಗಳಲ್ಲಿ ಹೊರದೇಶಗಳಿಂದ ವಲಸೆ ಬಂದ ಬಡಜನ ಕಿಕ್ಕಿರಿದು ತುಂಬಿದ್ದರು. ಅವರ ಮನೆಯ ಮಾತು ಬೇರೆ, ಶಾಲೆಯ ಮಾತು ಬೇರೆ. ಆ ಕಷ್ಟ ಏನೆಂದು ನಿಮಗೆ ನಾನು ಬಿಡಿಸಿ ಹೇಳಬೇಕಾಗಿಲ್ಲ. 1893ರಲ್ಲಿ ಲಿಲಿಯನ್ ವಾಲ್ಡ್ ಎಂಬ ದಾದಿ ಆ ಕೇರಿಯಲ್ಲಿ ವಾಸಕ್ಕೆ ಬಂದು ಮನೆಮನೆಗೆ ಹೋಗಿ ರೋಗಿಗಳ ಆರೈಕೆಗೆ ನಿಂತರು. ಮುಂದೆ 1915ರಲ್ಲಿ ಬರೆದ ಪುಸ್ತಕದಲ್ಲಿ ಅವರು ಹನ್ನೆರಡು ವರ್ಷದ ಒಬ್ಬ ಹುಡುಗನ ಸಂಗತಿ ಹೇಳುತ್ತಾರೆ. ಅವನ ತಾಯಿ ಕಸಾಯಿಗಳ ಬಟ್ಟೆ ಒಗೆದು ಹೊಟ್ಟೆ ಹೊರೆಯುವವಳು. ಹುಡುಗನ ತಲೆಯಲ್ಲಿ ವಾಸಿಯಾಗದ ಹುಣ್ಣು. ಶಾಲೆಗೆ ಹೋದಾಗಲೆಲ್ಲ ಮನೆಗೆ ಹೋಗು ಎಂದು ಕಳಿಸಿಬಿಡುತ್ತಿದ್ದರು. ಔಷಧಾಲಯದಿಂದ ಮುಲಾಮು ಸಿಕ್ಕಿತ್ತು, ಆದರೆ ಅದನ್ನು ಕ್ರಮವಾಗಿ ಹಚ್ಚುವುದು ಹೇಗೆಂದು ತೋರಿಸಿಕೊಟ್ಟವರಿರಲಿಲ್ಲ. ಬೀದಿ ದೀಪದ ಕಂಬದ ಮೇಲಿನ ಹೆಸರನ್ನು ಓದಲೂ ಆ ಹುಡುಗನಿಗೆ ಬರುತ್ತಿರಲಿಲ್ಲ, ಅದು ಅವನಿಗೇ ನಾಚಿಕೆಯಾಗಿತ್ತು. ವಾಲ್ಡ್ ಅದೇ ಮುಲಾಮನ್ನು ಸರಿಯಾಗಿ ಬಳಸಿದರು, ಹುಣ್ಣು ವಾಸಿಯಾಯಿತು. ಆ ಸೆಪ್ಟೆಂಬರಿನಲ್ಲಿ ಹುಡುಗ ಜೀವನದಲ್ಲೇ ಮೊದಲ ಬಾರಿಗೆ ಶಾಲೆಗೆ ಸೇರಿದ. ಮಾರನೆಯ ದಿನ ಮಧ್ಯಾಹ್ನದ ಬಿಡುವಿನಲ್ಲಿ ಐದು ಮಹಡಿ ಮೆಟ್ಟಿಲು ಓಡಿ ಹತ್ತಿ ಬಂದು, ಅಂದು ಬೆಳಿಗ್ಗೆ ಕಲಿತ ಪದಗಳ ಕಾಗುಣಿತ ಒಪ್ಪಿಸಿದನಂತೆ.

ನೋಡಿ, ಒಂದು ತಲೆಯ ಹುಣ್ಣು ಒಬ್ಬ ಹುಡುಗನ ಅಷ್ಟು ವರ್ಷದ ಓದನ್ನು ತಿಂದುಹಾಕಿತ್ತು. ಹುಣ್ಣು ಎನ್ನುವುದಕ್ಕಿಂತ, ಹುಣ್ಣು ನೋಡಿ ಬಾಗಿಲು ತೋರಿಸಿದ ಪದ್ಧತಿ ತಿಂದುಹಾಕಿತ್ತು.

ಕೆಲವು ವರ್ಷ ಕಳೆದು ಅದೇ ನಗರದ ಆರೋಗ್ಯ ಇಲಾಖೆ ಶಾಲೆಗಳಿಗೆ ವೈದ್ಯರನ್ನು ಕಳಿಸಿತು. ಕಣ್ಣುಬೇನೆ, ಕಜ್ಜಿ, ಹುಳುಕಡ್ಡಿ, ತಲೆಯಲ್ಲಿ ಹೇನು, ಯಾವುದು ಕಂಡರೂ ಮಗುವಿನ ಕೈಗೆ ಚೀಟಿ ಕೊಟ್ಟು ಮನೆಗೆ ಅಟ್ಟುವುದು ವೈದ್ಯರ ಕೆಲಸ. ಚೀಟಿ ಓದಲು ತಾಯಿಗೆ ಬರುತ್ತಿರಲಿಲ್ಲ, ಮದ್ದು ಹಾಕುವವರು ಯಾರೂ ಇರಲಿಲ್ಲ. ಮಕ್ಕಳು ಬೀದಿಯಲ್ಲಿ ಆಡಿಕೊಂಡಿದ್ದರು. ಶಾಲೆಯ ಸಮಯ ಮುಗಿದೊಡನೆ ಒಳಗಿದ್ದ ಮಕ್ಕಳೂ ಹೊರಗಿದ್ದ ಮಕ್ಕಳೂ ಒಟ್ಟಿಗೆ ಆಡುತ್ತಿದ್ದರು. ಹೀಗಿರುವಾಗ ಹೇನು ನಿಂತೀತೆ? 1902ರ ಸೆಪ್ಟೆಂಬರ್ ಒಂದೇ ತಿಂಗಳಲ್ಲಿ ಹೀಗೆ ಹೊರಗೆ ಕಳಿಸಿದ ಪ್ರಕರಣಗಳು 10,567. ಆಗ ವಾಲ್ಡ್ ತಮ್ಮ ಸಂಸ್ಥೆಯ ಲೈನಾ ರೋಜರ್ಸ್ ಎಂಬ ದಾದಿಯನ್ನು ನಗರಕ್ಕೆ ಎರವಲು ಕೊಟ್ಟರು. ನಾಲ್ಕು ಶಾಲೆ, ಒಂದು ತಿಂಗಳ ಪ್ರಯೋಗ. ಸಣ್ಣಪುಟ್ಟ ತೊಂದರೆಗೆ ಶಾಲೆಯಲ್ಲೇ ಮದ್ದು ಹಾಕಿ ಮಗುವನ್ನು ತರಗತಿಗೆ ಮರಳಿ ಕಳಿಸುವುದು, ಸಂಜೆ ಮನೆಗೆ ಹೋಗಿ ತಾಯಿಗೆ ತಲೆ ಬಾಚುವ ಕ್ರಮ, ಮದ್ದು ಹಚ್ಚುವ ಕ್ರಮ ತೋರಿಸುವುದು, ಇಷ್ಟೇ ಅವರು ಮಾಡಿದ್ದು. ಪ್ರಯೋಗ ಫಲ ಕೊಟ್ಟಿತು, ನಗರ ಇನ್ನಷ್ಟು ದಾದಿಯರನ್ನು ನೇಮಿಸಿತು. ಒಂದು ವರ್ಷದ ಮೇಲೆ, 1903ರ ಸೆಪ್ಟೆಂಬರಿನಲ್ಲಿ, ಹೊರಗೆ ಕಳಿಸಿದ ಪ್ರಕರಣಗಳ ಸಂಖ್ಯೆ 1,101ಕ್ಕೆ ಇಳಿಯಿತು. ಹತ್ತರಲ್ಲಿ ಒಂಬತ್ತು ಪಾಲು ಕಡಿಮೆ! ಹೊಸ ಮದ್ದು ಯಾವುದೂ ಬಂದಿರಲಿಲ್ಲ. ಶಾಲೆಗೂ ಮನೆಗೂ ನಡುವೆ ನಡೆದಾಡುವ ಒಬ್ಬ ಹೆಂಗಸು ಬಂದಿದ್ದಳು.

ಇಂಗ್ಲೆಂಡಿನ ಕಥೆ ಸ್ವಲ್ಪ ಬೇರೆ. ಅಲ್ಲಿ 1907ರಲ್ಲಿ ಪ್ರಾಥಮಿಕ ಶಾಲೆಯ ಮಕ್ಕಳ ವೈದ್ಯಕೀಯ ತಪಾಸಣೆಯನ್ನು ಕಾಯಿದೆಯೇ ಕಡ್ಡಾಯ ಮಾಡಿತು. 1908ರ ಮಕ್ಕಳ ಕಾಯಿದೆ ಇನ್ನೂ ಮುಂದೆ ಹೋಯಿತು. ತಲೆಯಲ್ಲಿ ಹೇನು ಕಂಡರೆ ಮನೆಯವರಿಗೆ ನೋಟೀಸು, 24 ಗಂಟೆಯ ಗಡುವು. ಅಷ್ಟರಲ್ಲಿ ತಲೆ ಶುದ್ಧವಾಗದಿದ್ದರೆ ಅಧಿಕಾರಿಗಳೇ ಮಗುವನ್ನು ಕರೆದೊಯ್ದು ತಲೆ ತೊಳೆಸುತ್ತಿದ್ದರು. ಮತ್ತೆ ಹೇನಾದರೆ ತಂದೆತಾಯಿಗೆ ದಂಡ. ಲಂಡನಿನಲ್ಲಿ ಇದಕ್ಕೆಂದೇ ಶುದ್ಧಿ ಕೇಂದ್ರಗಳಿದ್ದವು. ಸಾಲಾಗಿ ನಿಂತ ಮಕ್ಕಳ ತಲೆ ನೋಡಲು ಬರುವ ದಾದಿಗೆ ಜನ 'ನಿಟ್ ನರ್ಸ್', ಅಂದರೆ ಸೀರು ದಾದಿ, ಎಂದು ಹೆಸರಿಟ್ಟರು. ಎಲ್ಲರ ಎದುರು ಒಬ್ಬಳ ಕೈಗೆ ಚೀಟಿ ಬಂದರೆ ಅವಳ ಪಕ್ಕದಲ್ಲಿ ಕೂರಲು ಯಾರೂ ಒಪ್ಪರು. ದಾದಿಯರಲ್ಲಿ ಮಮತೆಯವರು ಇರಲಿಲ್ಲವೆಂದಲ್ಲ, ಬಹಳ ಮಂದಿ ಇದ್ದರು. ಆದರೆ ಕಾನೂನಿನ ಕೈಯಲ್ಲಿ ಬಾಚಣಿಗೆಗಿಂತ ದಂಡವೇ ಮುಂದೆ ಇತ್ತು.

ಅದರ ಫಲ ಏನಾಯಿತು? 1939ರ ಸೆಪ್ಟೆಂಬರಿನಲ್ಲಿ ಎರಡನೆಯ ಮಹಾಯುದ್ಧ ಹತ್ತಿತು. ಬಾಂಬಿನ ಭಯಕ್ಕೆ ಇಂಗ್ಲೆಂಡಿನ ದೊಡ್ಡ ನಗರಗಳ ಮಕ್ಕಳನ್ನು ಲಕ್ಷಗಟ್ಟಲೆ ಹಳ್ಳಿಗಳಿಗೆ ಸಾಗಿಸಿದರು. ಹಳ್ಳಿಯ ಮನೆಯವರು ಬಂದ ಮಕ್ಕಳ ತಲೆ ನೋಡಿ ಹೌಹಾರಿದರು. ಶಾಲೆಯ ವರದಿಗಳಲ್ಲಿ ಹೇನು ಬಹುಮಟ್ಟಿಗೆ ತೊಲಗಿದಂತೆ ಕಾಣುತ್ತಿತ್ತು. ಈ ಗೊಂದಲವನ್ನು ಬಿಡಿಸಲು ಕೆನೆತ್ ಮೆಲನ್‌ಬಿ ಎಂಬ ವಿಜ್ಞಾನಿ ಆಸ್ಪತ್ರೆಗಳ ದಾಖಲೆ ತೆಗೆದು ಲೆಕ್ಕ ಹಾಕಿದರು. 1941ರಲ್ಲಿ ಅದು ಪ್ರಕಟವಾಯಿತು. ದೊಡ್ಡ ಕೈಗಾರಿಕಾ ನಗರಗಳ ಹುಡುಗಿಯರಲ್ಲಿ ಸುಮಾರು ಅರ್ಧದಷ್ಟು ಮಂದಿಗೆ ಹೇನು ಇತ್ತು. ಮೂವತ್ತು ವರ್ಷಗಳ ತಪಾಸಣೆ, ನೋಟೀಸು, ದಂಡ ಎಲ್ಲ ನಡೆದ ಮೇಲೆ ಉಳಿದ ಲೆಕ್ಕ ಇದು. ಶಾಲಾ ತಪಾಸಣೆ ಕಂಡದ್ದಕ್ಕಿಂತ ಕಾಣದೆ ಬಿಟ್ಟದ್ದೇ ಹೆಚ್ಚು. ನಾಚಿಕೆಪಡಿಸಿದರೆ ಜನ ಹೇನನ್ನು ಬಿಡುವುದಿಲ್ಲ, ಬಚ್ಚಿಡುತ್ತಾರೆ.

ಯುದ್ಧದ ಕಾಲದಲ್ಲೇ ಹೊಸ ಮದ್ದೂ ಬಂತು. ಸ್ವಿಟ್ಸರ್ಲೆಂಡಿನ ಪಾಲ್ ಮ್ಯೂಲರ್ 1939ರಲ್ಲಿ ಡಿ.ಡಿ.ಟಿ.ಗೆ ಕೀಟ ಕೊಲ್ಲುವ ಶಕ್ತಿಯಿದೆ ಎಂದು ಕಂಡುಹಿಡಿದರು. 1943-44ರ ಚಳಿಗಾಲದಲ್ಲಿ ಇಟಲಿಯ ನೇಪಲ್ಸ್ ನಗರದಲ್ಲಿ ಟೈಫಸ್ ಹಬ್ಬಿದಾಗ ಹತ್ತು ಲಕ್ಷಕ್ಕೂ ಹೆಚ್ಚು ಜನರ ಬಟ್ಟೆಯೊಳಗೆ ಕೀಟನಾಶಕ ಪುಡಿ ಊದಿದರು. ಹೆಚ್ಚಿನ ಪಾಲು ಡಿ.ಡಿ.ಟಿ. ಕೂರೆ ಸತ್ತಿತು, ಜ್ವರ ನಿಂತಿತು. ಅದು ದೊಡ್ಡ ಸಾಧನೆ, ಅಲ್ಲಗಳೆಯುವಂತಿಲ್ಲ. ಆದರೆ ಅದೇ ಪುಡಿ ಮಕ್ಕಳ ತಲೆಗೂ ಬಂತು. ಆಮೇಲೆ ಲಿಂಡೇನ್ ಬಂತು. ನಮ್ಮ ಹಳ್ಳಿಗಳಲ್ಲಿ ಗಮಾಕ್ಸಿನ್ ಪುಡಿ ಎಂದರೆ ಹಿರಿಯರಿಗೆ ನೆನಪಿದ್ದೀತು. ಬೆಳೆಗೆ, ತಿಗಣೆಗೆ ತಂದ ಆ ಪುಡಿ ಎಷ್ಟೋ ಕಡೆ ಮಕ್ಕಳ ತಲೆಗೂ ಬಿತ್ತು. ಹೇನು ಸುಮ್ಮನಿರಲಿಲ್ಲ. ಮದ್ದಿಗೆ ಬಗ್ಗದ ಹೇನುಗಳು ಬದುಕಿ ಉಳಿದು ಸಂತತಿ ಬೆಳೆಸಿದವು. 1970ರ ಹೊತ್ತಿಗೆ ಇಂಗ್ಲೆಂಡಿನ ಹೇನಿಗೆ ಡಿ.ಡಿ.ಟಿ., ಲಿಂಡೇನ್ ಸರಿಯಾಗಿ ನಾಟುತ್ತಿರಲಿಲ್ಲ. ಆಮೇಲೆ ಬಂದ ಪರ್ಮೆತ್ರಿನ್ ಎಂಬ ಮದ್ದಿನ ಕಥೆಯೂ 1990ರ ದಶಕದಿಂದ ಹಲವು ದೇಶಗಳಲ್ಲಿ ಹಾಗೇ ಆಯಿತು. ನಮ್ಮ ದೇಶದಲ್ಲಿ ಗಮಾಕ್ಸಿನ್ ಪುಡಿಯ ಮೂಲವಾದ ಬಿ.ಎಚ್.ಸಿ.ಯನ್ನು 1997ರಲ್ಲಿ ನಿಷೇಧಿಸಿದರು. 2009ರಲ್ಲಿ ಲಿಂಡೇನ್ ಸ್ಟಾಕ್‌ಹೋಮ್ ಅಂತರರಾಷ್ಟ್ರೀಯ ಒಪ್ಪಂದದ ನಿಷಿದ್ಧ ಪಟ್ಟಿಗೆ ಸೇರಿತು.

ಮದ್ದು ಸೋಲತೊಡಗಿದಾಗ ಶಾಲೆಗಳು ಮತ್ತೆ ಹಳೆಯ ದಾರಿಗೇ ಬಂದವು. ಅಮೆರಿಕದ ಎಷ್ಟೋ ಶಾಲೆಗಳಲ್ಲಿ 1980ರ ದಶಕದಿಂದ ಒಂದು ನಿಯಮ ಬಲವಾಯಿತು. ತಲೆಯಲ್ಲಿ ಒಂದೇ ಒಂದು ಸೀರು ಕಂಡರೂ ಮಗು ಒಳಗೆ ಬರುವಂತಿಲ್ಲ. ಕೇಳಲು ಸರಿಯೆನಿಸುತ್ತದೆ, ಅಲ್ಲವೆ? ಸೀರು ಇದ್ದರೆ ನಾಳೆ ಹೇನಾಗುತ್ತದೆ, ಹೇನಾದರೆ ಎಲ್ಲರಿಗೂ ಹತ್ತುತ್ತದೆ ಎಂಬ ತರ್ಕ.

ವಿಜ್ಞಾನಿಗಳು ಈ ತರ್ಕವನ್ನು ಒರೆಗೆ ಹಚ್ಚಿದರು. ಅಟ್ಲಾಂಟಾ ನಗರದ ಶಾಲೆಗಳಲ್ಲಿ 1,729 ಮಕ್ಕಳ ತಲೆ ನೋಡಿ 2001ರಲ್ಲಿ ಫಲಿತಾಂಶ ಪ್ರಕಟಿಸಿದರು. ಜೀವಂತ ಹೇನು ಇದ್ದದ್ದು 28 ಮಕ್ಕಳಲ್ಲಿ, ಬರೀ ಸೀರು ಇದ್ದದ್ದು 63 ಮಕ್ಕಳಲ್ಲಿ. ಬರೀ ಸೀರು ಇದ್ದವರಲ್ಲಿ 50 ಮಕ್ಕಳನ್ನು ಹದಿನಾಲ್ಕು ದಿನ ಗಮನಿಸಿದಾಗ ಒಂಬತ್ತು ಮಕ್ಕಳಿಗಷ್ಟೆ ಹೇನಾಯಿತು. ಉಳಿದ 41 ಮಕ್ಕಳನ್ನು ಮನೆಗೆ ಕಳಿಸಿದ್ದರೆ ಸುಮ್ಮನೆ ಪಾಠ ತಪ್ಪಿಸಿದಂತಾಗುತ್ತಿತ್ತು. ಇನ್ನೊಂದು ಅಧ್ಯಯನ 2000ದ್ದು. ಹೇನು, ಸೀರು ಎಂದು ಜನ ತೆಗೆದು ಕಳಿಸಿದ 600ಕ್ಕೂ ಹೆಚ್ಚು ಮಾದರಿಗಳನ್ನು ತಜ್ಞರು ಸೂಕ್ಷ್ಮದರ್ಶಕದಲ್ಲಿ ನೋಡಿದರು. ಐದರಲ್ಲಿ ಸುಮಾರು ಮೂರು ಪಾಲು ಮಾತ್ರ ನಿಜವಾಗಿ ಹೇನು ಅಥವಾ ಸೀರು. ಉಳಿದವು ತಲೆಹೊಟ್ಟು, ಧೂಳು, ಬೇರೆ ಯಾವುದೋ ಹುಳ. ಕೊನೆಗೆ 2002ರಲ್ಲಿ ಅಮೆರಿಕದ ಮಕ್ಕಳ ವೈದ್ಯರ ಅಕಾಡೆಮಿ ಸ್ಪಷ್ಟವಾಗಿ ಹೇಳಿತು: ಹೇನಿನ ಕಾರಣಕ್ಕೆ ಆರೋಗ್ಯವಂತ ಮಗುವನ್ನು ಶಾಲೆಯಿಂದ ಹೊರಗಿಡಬಾರದು. 2022ರ ವರದಿಯಲ್ಲೂ ಅದೇ ಮಾತು. ಹೇನು ಕಂಡ ದಿನ ಮಗು ಪಾಠ ಮುಗಿಸಿಕೊಂಡೇ ಮನೆಗೆ ಹೋಗಲಿ, ಅಂದು ಸಂಜೆ ತಲೆಗೆ ಉಪಚಾರವಾಗಲಿ, ಮಾರನೆಯ ದಿನ ಶಾಲೆಗೆ ಬರಲಿ. ಇಷ್ಟೇ. ನ್ಯೂಯಾರ್ಕಿನ ದಾದಿ 1902ರಲ್ಲಿ ಮಾಡಿ ತೋರಿಸಿದ್ದನ್ನು ಶಾಸ್ತ್ರ ನೂರು ವರ್ಷದ ಮೇಲೆ ಒಪ್ಪಿಕೊಂಡಿತು.

ಇದಕ್ಕೆ ಆಧಾರವೇನು ಎಂದರೆ ಹೇನಿನ ಬದುಕು. ಹೇನಿಗೆ ರೆಕ್ಕೆಯಿಲ್ಲ, ಅದು ಹಾರುವುದಿಲ್ಲ. ನೆಗೆಯುವುದೂ ಇಲ್ಲ. ಕೂದಲಿಗೆ ಕೂದಲು ತಾಗಿದಾಗ ತೆವಳಿ ದಾಟುತ್ತದೆ. ತಲೆಯಿಂದ ಕೆಳಗೆ ಬಿದ್ದರೆ ಒಂದೆರಡು ದಿನದಲ್ಲಿ ಸಾಯುತ್ತದೆ. ಹೆಣ್ಣು ಹೇನು ಬುರುಡೆಯ ಹತ್ತಿರ, ಕೂದಲ ಬುಡದಲ್ಲಿ ಸೀರು ಅಂಟಿಸುತ್ತದೆ. ಏಳರಿಂದ ಹತ್ತು ದಿನಕ್ಕೆ ಸೀರು ಒಡೆದು ಮರಿ ಹೊರಬರುತ್ತದೆ. ಆ ಮರಿ ಬೆಳೆದು ತಾನೂ ಸೀರು ಇಡಲು ಇನ್ನೂ ಒಂಬತ್ತು ಹತ್ತು ದಿನ ಬೇಕು. ಕೂದಲು ತಿಂಗಳಿಗೆ ಸುಮಾರು ಒಂದು ಸೆಂಟಿಮೀಟರು ಬೆಳೆಯುತ್ತದೆ. ಬುಡದಿಂದ ಅಷ್ಟು ದೂರದಲ್ಲಿ ಕಾಣುವ ಸೀರು ಸಾಮಾನ್ಯವಾಗಿ ಒಡೆದ ಬರೀ ಸಿಪ್ಪೆ, ಇಲ್ಲವೆ ಸತ್ತದ್ದು. ಇನ್ನೊಂದು ಮಾತು. ದಿನಾ ತಲೆಗೆ ನೀರು ಹಾಕಿಕೊಂಡು ಸಾಬೂನು ಹಚ್ಚಿದರೂ ಹೇನು ಸಾಯುವುದಿಲ್ಲ. ಹೇನಿಗೆ ಬೇಕಾದದ್ದು ಮನುಷ್ಯನ ರಕ್ತ, ಕೊಳೆಯಲ್ಲ. ತೊಳೆದ ತಲೆಯೂ ಒಂದೇ, ತೊಳೆಯದ ತಲೆಯೂ ಒಂದೇ. ಆನೆದಂತದ ಬಾಚಣಿಗೆಯವರ ತಲೆಯಲ್ಲಿ ಅದು ಏಕಿತ್ತು ಎಂದು ಈಗ ತಿಳಿಯಿತಲ್ಲ? ಹೇನು ಕೊಳಕಿನ ಗುರುತಲ್ಲ. ಆ ಮಗು ಇನ್ನೊಂದು ಮಗುವಿನ ಜೊತೆ ತಲೆ ತಾಗಿಸಿ ಆಡಿದೆ ಎಂಬುದರ ಗುರುತು, ಅಷ್ಟೆ.

ಇನ್ನು ಸೀರಣಿಗೆಯ ಮಾತು. ಇಂಗ್ಲೆಂಡಿನಲ್ಲಿ 2005ರಲ್ಲಿ ಒಂದು ಪರೀಕ್ಷೆಯ ಫಲಿತಾಂಶ ಪ್ರಕಟವಾಯಿತು. ಕೆಲವು ಮಕ್ಕಳಿಗೆ ಅಂಗಡಿಯ ಮದ್ದು, ಇನ್ನು ಕೆಲವರಿಗೆ ಒದ್ದೆ ಕೂದಲನ್ನು ಸಣ್ಣ ಹಲ್ಲಿನ ಬಾಚಣಿಗೆಯಿಂದ ಕ್ರಮವಾಗಿ ಬಾಚುವುದು. ಬಾಚಿದವರಲ್ಲಿ ನೂರಕ್ಕೆ 57 ಮಂದಿಯ ತಲೆ ಹೇನಿಲ್ಲದಂತಾಯಿತು. ಮದ್ದು ಹಾಕಿದವರಲ್ಲಿ ನೂರಕ್ಕೆ 13 ಮಂದಿಯದು ಮಾತ್ರ. ಬಾಚಣಿಗೆಯೂ ಪೂರ್ತಿ ಗೆಲ್ಲಲಿಲ್ಲ, ಅದನ್ನು ಮರೆಯಬಾರದು. ಬೇರೆ ದೇಶದ ಹೇನು, ಬೇರೆ ಮದ್ದು ಆದರೆ ಲೆಕ್ಕ ಬೇರೆಯಾಗಬಹುದು. ಆದರೂ ಅಜ್ಜಿಯ ಜಗಲಿಯ ಕೆಲಸ ಹಳೆಯ ಕಾಲದ ಮೌಢ್ಯವಾಗಿರಲಿಲ್ಲ ಎಂದು ಇದರಿಂದ ಗೊತ್ತಾಗುತ್ತದೆ.

ಹಾಗೆಂದು ಹಳೆಯದೆಲ್ಲ ಒಳ್ಳೆಯದೂ ಅಲ್ಲ. ಸೀಮೆಎಣ್ಣೆ ಹಚ್ಚುವ ರೂಢಿ ಕೆಲವು ಕಡೆ ಇದೆ. ಅದು ಚರ್ಮ ಸುಡುತ್ತದೆ, ಒಲೆಯ ಹತ್ತಿರ ಹೋದರೆ ಪ್ರಾಣಕ್ಕೇ ಅಪಾಯ. ಸೀತಾಫಲದ ಬೀಜ ಅರೆದು ಹಚ್ಚುತ್ತಾರೆ. ಹೇನೇನೋ ಸಾಯುತ್ತದೆ, ಆದರೆ ಅದು ಕಣ್ಣಿಗೆ ತಾಗಿದರೆ ಕಣ್ಣಿನ ಪಾಪೆಗೆ ಗಾಯವಾಗುತ್ತದೆ. ಹೊಲಕ್ಕೆ ತಂದ ಕೀಟನಾಶಕವನ್ನಂತೂ ಮಗುವಿನ ತಲೆಯ ಹತ್ತಿರವೂ ತರಬೇಡಿ. ಇನ್ನು ಹುಡುಗಿಯ ತಲೆ ಬೋಳಿಸುವುದು. ನೆಗಡಿ ಬಂತೆಂದು ಮೂಗು ಕೊಯ್ದುಕೊಳ್ಳುತ್ತಾರೆಯೇ? ಕೂದಲು ಮತ್ತೆ ಬೆಳೆದೀತು. ಬೋಳು ತಲೆಯಲ್ಲಿ ಶಾಲೆಗೆ ಹೋಗಲಾರೆನೆಂದು ಮೂಲೆಯಲ್ಲಿ ಕೂತ ಹುಡುಗಿಯ ಓದು ಮತ್ತೆ ಚಿಗುರುತ್ತದೆಂಬ ಭರವಸೆಯಿಲ್ಲ.

ಹಾಗಾದರೆ ಮನೆಯಲ್ಲಿ ಮಾಡುವುದೇನು? ಕೂದಲು ಒದ್ದೆ ಮಾಡಿ, ಸ್ವಲ್ಪ ಎಣ್ಣೆ ಹಚ್ಚಿ, ಮೊದಲು ಸಾದಾ ಬಾಚಣಿಗೆಯಿಂದ ಸಿಕ್ಕು ಬಿಡಿಸಿ. ಆಮೇಲೆ ಸೀರಣಿಗೆಯನ್ನು ಬುಡಕ್ಕೆ ತಾಗಿಸಿ ತುದಿಯವರೆಗೆ ಎಳೆಯಿರಿ. ಪ್ರತಿ ಸಲವೂ ಬಿಳಿಯ ಬಟ್ಟೆಗೆ ಒರೆಸಿ ನೋಡಿ. ಮೂರು ನಾಲ್ಕು ದಿನಕ್ಕೊಮ್ಮೆ, ಕಡಿಮೆಯೆಂದರೆ ಎರಡು ವಾರ ಹೀಗೆ ಮಾಡಬೇಕು. ಹೊಸದಾಗಿ ಒಡೆದ ಮರಿ ದೊಡ್ಡದಾಗಿ ಸೀರು ಇಡುವ ಮೊದಲೇ ಅದು ಸಿಕ್ಕಿಬೀಳಬೇಕು, ಲೆಕ್ಕ ಅದು. ಒಂದು ದಿನ ಬಾಚಿ ಬಿಟ್ಟರೆ ಬಾಚಿದ್ದು ವ್ಯರ್ಥ. ಅಕ್ಕನ ತಲೆ ನೋಡಿದ ದಿನವೇ ತಂಗಿಯದು, ತಮ್ಮನದು, ಅಮ್ಮನದು, ಅಜ್ಜಿಯದು ಎಲ್ಲ ನೋಡಿ. ಹುಡುಗಿಯರಿಗೆ ಬಿಗಿಯಾಗಿ ಜಡೆ ಹಾಕಿದರೆ ಕೂದಲಿಗೆ ಕೂದಲು ತಾಗುವುದು ಕಡಿಮೆ. ಇಷ್ಟಕ್ಕೂ ಹೋಗದಿದ್ದರೆ ಆರೋಗ್ಯ ಕೇಂದ್ರದಲ್ಲಿ ಕೇಳಿ. ಕೊಟ್ಟ ಮದ್ದನ್ನು ಹೇಳಿದ ಅಳತೆಯಲ್ಲಿ, ಹೇಳಿದ ದಿನಕ್ಕೆ ಎರಡನೆಯ ಸಲವೂ ಹಾಕಿ.

ಇನ್ನು ಶಾಲೆಯ ಮಾತು. ನಮ್ಮ ದೇಶದಲ್ಲೂ ಶಾಲಾ ಆರೋಗ್ಯದ ಯೋಚನೆ ಹೊಸದಲ್ಲ. 1960ರಲ್ಲಿ ಕೇಂದ್ರ ಸರಕಾರ ರೇಣುಕಾ ರೇ ಅವರ ಅಧ್ಯಕ್ಷತೆಯಲ್ಲಿ ಶಾಲಾ ಆರೋಗ್ಯ ಸಮಿತಿ ನೇಮಿಸಿತು, 1961ರಲ್ಲಿ ವರದಿ ಬಂತು. 2013ರಲ್ಲಿ ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮ ಆರಂಭವಾಗಿ, ವೈದ್ಯರ ತಂಡ ವರ್ಷಕ್ಕೊಮ್ಮೆ ಸರಕಾರಿ ಶಾಲೆಗೆ ಬರಬೇಕೆಂದಾಯಿತು. ಆದರೆ ವರ್ಷಕ್ಕೊಮ್ಮೆ ಬರುವ ತಂಡಕ್ಕಾಗಿ ಹೇನು ಕಾಯುವುದಿಲ್ಲ. ಅಲ್ಲಿ ಬೇಕಾದವರು ದಿನಾ ಮಕ್ಕಳ ಮುಖ ನೋಡುವವರು. ಟೀಚರಮ್ಮ ಎನ್ನಿ, ಅಕ್ಕೋರು ಎನ್ನಿ, ಮೇಷ್ಟ್ರು ಎನ್ನಿ, ಅವರಲ್ಲಿ ನನ್ನದೊಂದು ವಿನಂತಿ. ಪ್ರಾರ್ಥನೆಯ ಸಾಲಿನಲ್ಲಿ ಎಲ್ಲರ ಎದುರು ತಲೆ ನೋಡಬೇಡಿ. ಹೆಸರು ಕೂಗಬೇಡಿ, ಬೇರೆ ಕೂರಿಸಬೇಡಿ. ತಾಯಿ ಶಾಲೆಯ ಕಡೆ ಬಂದಾಗ ಮೆಲ್ಲಗೆ ಒಂದು ಮಾತು ಹೇಳಿ. ತಾಯಂದಿರ ಸಭೆಯಲ್ಲಿ ಎಲ್ಲರಿಗೂ ಒಟ್ಟಿಗೆ ಹೇಳಿದರೆ ಇನ್ನೂ ಒಳ್ಳೆಯದು. ಇಡೀ ತರಗತಿಯ ಮನೆಗಳಲ್ಲಿ ಒಂದೇ ಭಾನುವಾರ ಎಲ್ಲ ತಲೆಗಳಿಗೂ ಸೀರಣಿಗೆ ಬಿದ್ದರೆ ಹೇನಿಗೆ ಓಡಿಹೋಗಲು ತಲೆಯೇ ಸಿಗದು. ಒಬ್ಬರ ಮನೆ ಬಾಚಿ ಪಕ್ಕದ ಮನೆ ಬಿಟ್ಟರೆ ಅದು ತೂತು ಮಡಕೆಗೆ ನೀರು ತುಂಬಿದ ಹಾಗೆ. ಮನೆಯ ಮಾತು ಕನ್ನಡ, ಪಕ್ಕದ ಮನೆಯದು ತಮಿಳೋ ತೆಲುಗೋ ಮರಾಠಿಯೋ ಆದರೆ ಅವರ ಮಾತಿನಲ್ಲೇ ಹೇಳಿ. ಎರಡು ಭಾಷೆ ಬಲ್ಲವರಿಗೆ ಅದೇನು ಕಷ್ಟ?

ಗಡಿಯ ಕನ್ನಡ ಶಾಲೆಗಳಲ್ಲಿ ಒಂದೊಂದು ಮಗುವಿನ ಹಾಜರಿಯೂ ಲೆಕ್ಕಕ್ಕೆ ಬರುತ್ತದೆ. ಮಕ್ಕಳ ಸಂಖ್ಯೆ ಕಡಿಮೆಯಾದರೆ ತರಗತಿಯ ಚಿಂತೆ, ತರಗತಿ ಹೋದರೆ ಶಾಲೆಯ ಚಿಂತೆ. ಅಂಥ ಕಡೆ ಒಬ್ಬ ಹುಡುಗಿ ನಾಚಿಕೆಯಿಂದ ವಾರ ತಪ್ಪಿಸಿದಳು, ವಾರ ತಿಂಗಳಾಯಿತು, ತಿಂಗಳು ಕಳೆದು ಕೂಲಿಗೆ ಹೋದಳು ಎಂದರೆ ಎರಡೂ ಕಡೆ ನಷ್ಟ. ಹೇನು ಎರಡು ವಾರದಲ್ಲಿ ಹೋಗುವಂಥದ್ದು. ಆ ಎರಡು ವಾರವೂ ಹುಡುಗಿ ತರಗತಿಯಲ್ಲೇ ಕೂತಿರಲಿ.

ಈ ಭಾನುವಾರ ಮಧ್ಯಾಹ್ನ ಬಿಡುವಾದಾಗ ಸೀರಣಿಗೆ ಹುಡುಕಿ ತೆಗೆಯಿರಿ. ಮಗುವನ್ನು ಮುಂದೆ ಕೂರಿಸಿಕೊಳ್ಳಿ. ಬಯ್ಯಬೇಡಿ, ಕಥೆ ಹೇಳಿ. ಸೋಮವಾರ ಬೆಳಿಗ್ಗೆ ಜಡೆ ಹಾಕಿ, ಹೊತ್ತಿಗೆ ಸರಿಯಾಗಿ ಶಾಲೆಗೆ ಕಳಿಸಿ.